ಗಾಜಿನ ಪೆಟ್ಟಿಗೆಯೊಳಗಿದ್ದ ಹುಳ ನಮ್ಮ ಹೊಲದ್ದೇ ಆಗಿತ್ತು

ಧಾರವಾಡದ ಕೃಷಿ ಮೇಳಕ್ಕೆ ನಮ್ಮ ಮನೆಯಿಂದ ಆರು ಮಂದಿ ಹೋಗಿದ್ದೆವು. ಅಪ್ಪ, ಅವ್ವ, ನಾವು ಅಣ್ಣ ತಮ್ಮ, ಅತ್ತಿಗೆ, ಮತ್ತೆ ಮೂರನೇ ಕ್ಲಾಸಿನಲ್ಲಿ ಓದುವ ಅಣ್ಣನ ಮಗಳು. ಲಕ್ಷ್ಮೇಶ್ವರದಿಂದ ಹುಬ್ಬಳ್ಳಿ ಬಸ್ಸು, ಅಲ್ಲಿಂದ ಧಾರವಾಡ. ಬುತ್ತಿಗೆ ರೊಟ್ಟಿ, ಶೇಂಗಾ ಚಟ್ನಿ, ಪುಂಡಿಪಲ್ಯ. ಅಪ್ಪನಿಗೆ ಬೀಜದ ಮಳಿಗೆ ನೋಡಬೇಕಿತ್ತು. ಅವ್ವನಿಗೆ ರೊಟ್ಟಿ ಮಾಡುವ ಮಷಿನ್ ನೋಡಬೇಕಿತ್ತು. ಹುಡುಗಿ ಮಾತ್ರ ಒಂದಕ್ಕೇ ಹಟ ಹಿಡಿದಿದ್ದಳು: ‘ಮದಲ ಹುಳ ತೋರಸ್ರಿ!’

ಕೃಷಿ ವಿಶ್ವವಿದ್ಯಾಲಯದ ಕೀಟಶಾಸ್ತ್ರ ವಿಭಾಗದವರು ಮೇಳದಲ್ಲಿ ನಡೆಸುವ ಕೀಟ ಪ್ರದರ್ಶನ ನಿಮ್ಮಲ್ಲಿ ಹಲವರು ನೋಡಿರುತ್ತೀರಿ. ಒಳಗೆ ಹೋಗಲು ಸಾಲು ಹಚ್ಚಬೇಕು. ಪಿನ್ ಚುಚ್ಚಿಟ್ಟ ಬಣ್ಣದ ಚಿಟ್ಟೆಗಳು, ಕಡ್ಡಿಯಂತೆಯೇ ಕಾಣುವ ಹುಳ, ಕೈಮುಗಿದು ಕೂತ ಹಾಗಿರುವ ಹುಳ, ಜೇನು, ರೇಷ್ಮೆ. ಮಕ್ಕಳು ಗಾಜಿಗೆ ಮೂಗು ಹಚ್ಚಿ ನಿಂತರೆ ಸರಿಯುವುದೇ ಇಲ್ಲ. ದೊಡ್ಡವರು ಮೊಬೈಲ್ ಎತ್ತಿ ಫೋಟೋ ಹೊಡೆಯುತ್ತಾರೆ, ಮುಂದೆ ಹೋಗುತ್ತಾರೆ. ನಾವೂ ಹಾಗೇ ಹೊರಟಿದ್ದೆವು. ಅಪ್ಪ ಒಂದು ಪೆಟ್ಟಿಗೆಯ ಮುಂದೆ ನಿಂತುಬಿಟ್ಟರು.

ಅದರೊಳಗೆ ಇದ್ದದ್ದು ಕರ್ರಗಿನ ಸಣ್ಣ ಹುಳ. ಮೈಮೇಲೆ ಕಿತ್ತಳೆ ಬಣ್ಣದ ಚುಕ್ಕೆ, ಮುಳ್ಳು ಮುಳ್ಳು. ನೋಡಿದರೆ ಬೆರಳುಗುರಿನಷ್ಟು ಸಣ್ಣ ಮೊಸಳೆ ಅನ್ನಬೇಕು.

‘ಇದು ನಮ್ಮ ಹತ್ತಿ ಗಿಡದಾಗ ಐತಲ್ಲೋ. ಮೊನ್ನೆ ಇದಕ್ಕs ಎಣ್ಣಿ ಹೊಡದೀವಿ’ ಅಂದರು ಅಪ್ಪ.

ಅಲ್ಲಿ ನಿಂತಿದ್ದ ವಿದ್ಯಾರ್ಥಿ ನಕ್ಕ. ‘ಅಜ್ಜಾರ, ಇದು ಗುಲಗಂಜಿ ಹುಳದ ಮರಿರಿ. ನಿಮ್ಮ ಬೆಳಿ ತಿನ್ನಂಗಿಲ್ಲ. ಬೆಳಿ ಮ್ಯಾಲಿನ ಹೇನು ತಿಂತೈತಿ.’

ಅಪ್ಪ ಮಾತಾಡಲಿಲ್ಲ. ಕೆಂಪು ಬೆನ್ನಿಗೆ ಕರಿ ಚುಕ್ಕೆ ಇರುವ ದೊಡ್ಡ ಗುಲಗಂಜಿ ಹುಳ ಅವರಿಗೆ ಗೊತ್ತು. ಅದು ಒಳ್ಳೇದು ಅಂತಲೂ ಗೊತ್ತು. ಆದರೆ ಅದರ ಮರಿ ಇಷ್ಟು ಬೇರೆ ರೂಪದಲ್ಲಿ ಇರುತ್ತದೆ ಅಂತ ಅರವತ್ತು ವರ್ಷದ ಒಕ್ಕಲುತನದಲ್ಲಿ ಯಾರೂ ಅವರಿಗೆ ತೋರಿಸಿರಲಿಲ್ಲ. ನಮಗೂ ತೋರಿಸಿರಲಿಲ್ಲ. ನಾವು ಓದಿದವರು ಬೇರೆ.

ನೋಡುವುದು ಬೇರೆ, ಗುರುತು ಹಿಡಿಯುವುದು ಬೇರೆ

ಇದಕ್ಕೂ ಹಿಂದೆ ಒಮ್ಮೆ ಹಂಪಿ ಎಕ್ಸ್‌ಪ್ರೆಸ್ಸಿನಲ್ಲಿ ರಾತ್ರಿಯೆಲ್ಲ ಕೂತು ಬೆಂಗಳೂರಿಗೆ ಹೋಗಿದ್ದೆವು. ಕಬ್ಬನ್ ಪಾರ್ಕಿನ ಅಂಚಿನಲ್ಲಿ ಎಂಟು ಮೂಲೆಯ ಕಟ್ಟಡದಲ್ಲಿ ಸರಕಾರದ ಮತ್ಸ್ಯಾಲಯ ಇದೆ. 1983ರಲ್ಲಿ ಶುರುವಾದದ್ದು. ಸಾಲಾಗಿ ಗಾಜಿನ ತೊಟ್ಟಿ, ಒಳಗೆ ದೀಪ, ಬಣ್ಣ ಬಣ್ಣದ ಮೀನು. ನಮ್ಮ ಹುಡುಗಿ ಗೋಲ್ಡ್ ಫಿಶ್ ನೋಡಿ ಕುಣಿದಾಡಿದಳು. ಅವ್ವ ಮಾತ್ರ ಸಣ್ಣ ಗಪ್ಪಿ ಮೀನು ತೋರಿಸಿ ಅಂದಳು: ‘ಇವನ್ನ ದವಾಖಾನಿಯವ್ರು ತಂದು ನಮ್ಮೂರ ನೀರಿನ ತೊಟ್ಟಿಗೆ ಬಿಟ್ಟಾರಲ್ಲ!’

ಹೌದು. ಡೆಂಗಿ, ಮಲೇರಿಯಾ ತಡೆಯಲು ಸೊಳ್ಳೆ ಮರಿ ತಿನ್ನಲಿ ಅಂತ ಆರೋಗ್ಯ ಇಲಾಖೆಯವರು ಊರೂರಿನ ತೊಟ್ಟಿ, ಬಾವಿಗಳಿಗೆ ಗಪ್ಪಿ, ಗ್ಯಾಂಬೂಸಿಯಾ ಮೀನು ಬಿಡುತ್ತಾರೆ. ಗಪ್ಪಿಯ ಮೂಲ ದಕ್ಷಿಣ ಅಮೆರಿಕ. ಗೋಲ್ಡ್ ಫಿಶ್‌ನ ಮೂಲ ಚೀನಾ. ಇವೆರಡರ ಹೆಸರು ನಮ್ಮ ಮಕ್ಕಳ ಬಾಯಲ್ಲಿ ಇದೆ.

ಅವ್ವನ ತವರು ಮುಂಡರಗಿ ಕಡೆಯ ಹೊಳೆದಂಡೆಯ ಊರು. ಅವಳಿಗೆ ತುಂಗಭದ್ರೆಯ ಮೀನುಗಳ ಹೆಸರು ಬರುತ್ತವೆ. ಬಾಳೆ, ಕೊರವ, ಹಾವುಮೀನು, ಚೇಳುಮೀನು. ಸಣ್ಣವಳಿದ್ದಾಗ ಅಂಬಿಗರ ಹರಿಗೋಲು ದಂಡೆಗೆ ಬಂದರೆ ಓಡಿಹೋಗಿ ನೋಡುತ್ತಿದ್ದಳಂತೆ. ಆ ಹೆಸರುಗಳಲ್ಲಿ ಒಂದೂ ಮೊಮ್ಮಗಳಿಗೆ ಗೊತ್ತಿಲ್ಲ. ನಮಗೂ ಎರಡು ಗೊತ್ತಿದ್ದರೆ ಹೆಚ್ಚು. ಈ ಬಾಳೆ ಮೀನು ಈಗ ಜಗತ್ತಿನ ಅಪಾಯದಂಚಿನ ಜೀವಿಗಳ ಪಟ್ಟಿಯಲ್ಲಿ ಇದೆ. ಹೆಸರೇ ಗೊತ್ತಿಲ್ಲದ ಮೀನು ಹೊಳೆಯಲ್ಲಿ ಇಲ್ಲವಾದರೆ ನಮ್ಮ ಮಕ್ಕಳು ಕೇಳುವುದಾದರೂ ಏನಂತ?

ಇಷ್ಟು ಹೇಳಿದ ಮೇಲೆ ಒಂದು ಮಾತು ಸ್ಪಷ್ಟ ಮಾಡಬೇಕು. ಮತ್ಸ್ಯಾಲಯಕ್ಕೆ, ಚಿಟ್ಟೆ ಪಾರ್ಕಿಗೆ ಹೋಗಬೇಡಿ ಅಂತ ನಾವು ಹೇಳುತ್ತಿಲ್ಲ. ಹೋಗಿ. ಮನೆಮಂದಿಯೆಲ್ಲ ಹೋಗಿ. ಬನ್ನೇರುಘಟ್ಟದಲ್ಲಿ 2006ರಲ್ಲಿ ತೆರೆದ ಚಿಟ್ಟೆ ಪಾರ್ಕು ದೇಶದಲ್ಲೇ ಮೊದಲನೆಯದು ಅನ್ನಿಸಿಕೊಂಡಿದೆ. ಹುಬ್ಬಳ್ಳಿಗೂ ಒಮ್ಮೊಮ್ಮೆ ಮೀನಿನ ಸುರಂಗದ ಎಗ್ಜಿಬಿಷನ್ ಬರುತ್ತದೆ. ಹೊಲದಲ್ಲಿ ದಿನಾ ಕಣ್ಣಿಗೆ ಬಿದ್ದರೂ ನಾವು ನಿಂತು ನೋಡದ ಜೀವವನ್ನು ಗಾಜಿನ ಪೆಟ್ಟಿಗೆ ನಿಂತು ನೋಡುವ ಹಾಗೆ ಮಾಡುತ್ತದೆ. ಆ ದಿನ ಧಾರವಾಡದಲ್ಲಿ ಆ ಪೆಟ್ಟಿಗೆ ಇಲ್ಲದಿದ್ದರೆ ಅಪ್ಪ ಇವತ್ತಿಗೂ ಅದೇ ಹುಳಕ್ಕೆ ಎಣ್ಣಿ ಹೊಡೆಯುತ್ತಿದ್ದರು.

ನಮ್ಮ ತಕರಾರು ಇಷ್ಟೇ. ಇಂಥ ಪೆಟ್ಟಿಗೆ ನೋಡಲು ನಾವು ವರ್ಷಕ್ಕೊಮ್ಮೆ, ಅದೂ ದೂರದ ಊರಿಗೆ ಹೋಗಬೇಕು. ಹುಳ ಇರುವುದು ನಮ್ಮಲ್ಲಿ. ಅದರ ಗುರುತು ಹೇಳುವವರು ಇರುವುದು ಪಟ್ಟಣದಲ್ಲಿ.

ಗುರುತು ಗೊತ್ತಿಲ್ಲದ್ದಕ್ಕೆ ನಾವು ಕೊಡುವ ದುಡ್ಡು

ನಮ್ಮ ಕಡೆ ಹುಳ ಬಿದ್ದರೆ ಏನು ಮಾಡುತ್ತೇವೆ? ಒಂದು ಎಲೆ ಹರಿದುಕೊಂಡು ಔಷಧಿ ಅಂಗಡಿಗೆ ಹೋಗುತ್ತೇವೆ. ಅಂಗಡಿಯವರು ಎಲೆ ನೋಡಿ ಬಾಟಲಿ ಕೊಡುತ್ತಾರೆ. ಉದ್ರಿ ಬರೆದುಕೊಳ್ಳುತ್ತಾರೆ. ಹೊಡೆಯುತ್ತೇವೆ. ಹದಿನೈದು ದಿನಕ್ಕೆ ಹೇನು ಮತ್ತೆ ಬರುತ್ತದೆ, ಮೊದಲಿಗಿಂತ ಜಾಸ್ತಿ. ಮತ್ತೆ ಅಂಗಡಿ.

ಯಾಕೆ ಹೀಗಾಗುತ್ತದೆ ಅಂದರೆ, ಹೇನಿಗೆ ಸಂತತಿ ಬೆಳೆಸಲು ಗಂಡಿನ ಹಂಗೂ ಇಲ್ಲ. ಹೆಣ್ಣು ಹೇನು ನೇರವಾಗಿ ಮರಿ ಹಾಕುತ್ತದೆ. ಆ ಮರಿ ವಾರ ಹತ್ತು ದಿನದಲ್ಲಿ ತಾನೂ ಮರಿ ಹಾಕುತ್ತದೆ. ಗುಲಗಂಜಿ ಹುಳ ಹಾಗಲ್ಲ. ಅದು ಮೊಟ್ಟೆ ಇಡಬೇಕು, ಮರಿ ಆಗಬೇಕು, ಕೋಶ ಕಟ್ಟಬೇಕು, ಆಮೇಲೆ ದೊಡ್ಡ ಹುಳ ಆಗಬೇಕು. ಸಿಕ್ಕದ್ದನ್ನೆಲ್ಲ ಕೊಲ್ಲುವ ಎಣ್ಣಿ ಹೊಡೆದಾಗ ಎರಡೂ ಸಾಯುತ್ತವೆ. ಅಲ್ಲಲ್ಲಿ ಉಳಿದ ಹೇನು ಬೇಗ ಹೆಚ್ಚಾಗುತ್ತದೆ. ಅದನ್ನು ತಿನ್ನುವ ಹುಳ ಹಿಂದೆ ಬೀಳುತ್ತದೆ. ಒಂದು ಗುಲಗಂಜಿ ಮರಿ ದೊಡ್ಡದಾಗುವುದರೊಳಗೆ ನೂರಾರು ಹೇನು ತಿನ್ನುತ್ತದೆ. ಅಂದರೆ ಪುಕ್ಕಟೆ ದುಡಿಯುವ ಆಳನ್ನು ನಾವೇ ದುಡ್ಡು ಕೊಟ್ಟು ಕೊಲ್ಲಿಸಿದ ಹಾಗೆ.

2002ರಲ್ಲಿ ಬಿಟಿ ಹತ್ತಿ ಬಂದಾಗ ಕಾಯಿಕೊರಕದ ಕಾಟ ತೀರಿತು ಅಂದುಕೊಂಡೆವು. ಗುಲಾಬಿ ಕಾಯಿಕೊರಕ ಅದನ್ನೂ ಅರಗಿಸಿಕೊಂಡಿತು. 2018ರಲ್ಲಿ ಅಮೆರಿಕ ಮೂಲದ ಸೈನಿಕ ಹುಳು ಭಾರತದಲ್ಲಿ ಮೊದಲು ಕಂಡದ್ದೇ ನಮ್ಮ ಕರ್ನಾಟಕದ ಗೋವಿನಜೋಳದಲ್ಲಿ. ಹುಳಗಳು ಬದಲಾಗುತ್ತಲೇ ಇರುತ್ತವೆ. ಅವುಗಳ ಗುರುತು ಹಿಡಿಯುವುದನ್ನು ನಾವು ಪೂರ್ತಿ ಅಂಗಡಿಗೆ ಬಿಟ್ಟುಕೊಟ್ಟರೆ ಖರ್ಚು ನಮ್ಮದು, ಲಾಭ ಬೇರೆಯವರದು.

ನಮ್ಮ ದೊಡ್ಡಪ್ಪ ಇದನ್ನು ಕೇಳಿ ಬೈದರು. ‘ಹುಳ ಎಣಿಸ್ಕೋತ ಕುಂತ್ರ ಬೆಳಿ ಹೊಕ್ಕೈತಿ. ಸಾಲ ನೀವು ತೀರಸ್ತೀರೇನು?’ ಅವರ ಮಾತಿನಲ್ಲೂ ಸತ್ಯ ಇದೆ. ಮೆಣಸಿನಕಾಯಿಗೆ ನುಸಿ ಜೋರಾಗಿ ಬಿದ್ದಾಗ ಕಾದು ಕೂರಲು ಆಗುವುದಿಲ್ಲ. ಎಣ್ಣಿ ಹೊಡೆಯಲೇಬೇಕಾದ ದಿನ ಬರುತ್ತದೆ. ನಾವು ಕೇಳುವುದು ಹೊಡೆಯುವ ಮುಂಚೆ ಯಾವ ಹುಳಕ್ಕೆ ಹೊಡೆಯುತ್ತಿದ್ದೇವೆ ಅಂತ ಗೊತ್ತಿರಲಿ ಅಂತ ಮಾತ್ರ.

ಗಾಜಿಲ್ಲದ ಪ್ರದರ್ಶನ ನಮ್ಮಲ್ಲೇ ಇದೆ

ಶಿರಹಟ್ಟಿ ತಾಲೂಕಿನ ಮಾಗಡಿ ಕೆರೆಗೆ ಚಳಿಗಾಲದಲ್ಲಿ ಪಟ್ಟೆತಲೆ ಹೆಬ್ಬಾತುಗಳು ಹಿಮಾಲಯ ದಾಟಿ ಬರುತ್ತವೆ. 2024ರಲ್ಲಿ ಈ ಕೆರೆಗೆ ರಾಮ್ಸಾರ್ ತಾಣ ಅನ್ನುವ ಜಾಗತಿಕ ಮಾನ್ಯತೆ ಸಿಕ್ಕಿತು. ಕಪ್ಪತಗುಡ್ಡ 2019ರಲ್ಲಿ ವನ್ಯಜೀವಿಧಾಮ ಆಯಿತು. ಗದಗಿನ ಮಗ್ಗುಲಲ್ಲೇ ಬಿಂಕದಕಟ್ಟಿ ಮೃಗಾಲಯ ಇದೆ. ರಜೆ ಬಂದರೆ ಗದಗ-ಬೆಟಗೇರಿಯ ಮಂದಿ ಮಕ್ಕಳನ್ನು ಕರೆದುಕೊಂಡು ಅಲ್ಲಿಗೇ ಹೋಗುತ್ತಾರೆ.

ಜಾಗಕ್ಕೆ ನಮ್ಮಲ್ಲಿ ಕೊರತೆ ಇಲ್ಲ. ಅದಕ್ಕೇ ನಾವು ಮೂರು ಬೇಡಿಕೆ ಇಡುತ್ತೇವೆ.

ಒಂದು, ಪ್ರತಿ ಹೋಬಳಿಯ ರೈತ ಸಂಪರ್ಕ ಕೇಂದ್ರದಲ್ಲಿ ಒಂದು ಹುಳದ ಪೆಟ್ಟಿಗೆ ಇರಲಿ. ಒಂದು ಕಡೆ ಬೆಳೆಗೆ ಕಾಟ ಕೊಡುವ ಹುಳ, ಇನ್ನೊಂದು ಕಡೆ ಬೆಳೆ ಕಾಯುವ ಹುಳ. ಮೊಟ್ಟೆ, ಮರಿ, ಕೋಶ, ದೊಡ್ಡದು, ನಾಲ್ಕೂ ರೂಪ ಕಾಣಲಿ. ಬೀಜಕ್ಕೆ ಸಾಲು ನಿಂತ ರೈತರ ಕಣ್ಣಿಗೆ ಬೀಳುವ ಹಾಗೆ ಇಡಲಿ. ಇದಕ್ಕೆ ದೊಡ್ಡ ಖರ್ಚಿಲ್ಲ. ಗಾಜಿನ ಮುಚ್ಚಳದ ಪೆಟ್ಟಿಗೆ, ಥರ್ಮಾಕೋಲ್, ಪಿನ್, ನುಸಿಗುಳಿಗೆ ಸಾಕು.

ಎರಡು, ಬಿಂಕದಕಟ್ಟಿಯಲ್ಲಿ ತುಂಗಭದ್ರೆಯ ಮೀನಿಗೆ ಒಂದು ಕೋಣೆ, ನಮ್ಮ ಹೊಲದ ಹುಳಕ್ಕೆ ಒಂದು ಕೋಣೆ ಮಾಡಲಿ. ಹೆಸರು ಕನ್ನಡದಲ್ಲಿ, ನಮ್ಮ ಕಡೆಯ ಮಂದಿ ಕರೆಯುವ ಹೆಸರಲ್ಲೇ ಬರೆಯಲಿ. ಅದನ್ನು ಹೇಳಿಕೊಡಲು ಹೊಳೆದಂಡೆಯ ಅಂಬಿಗರನ್ನೇ ಕರೆಯಲಿ.

ಮೂರು, ಸಾಲಿ ಮಾಸ್ತರರು ಪ್ರವಾಸಕ್ಕೆ ಮಕ್ಕಳನ್ನು ಕರೆದೊಯ್ಯುವ ಮುಂಚೆ ಒಂದು ದಿನ ಊರ ಹೊಲಕ್ಕೆ, ಊರ ಕೆರೆಗೆ ಕರೆದೊಯ್ಯಲಿ.

ನಾವು ಮಾಡಬೇಕಾದದ್ದೂ ಇದೆ. ಎಣ್ಣಿ ತರುವ ಮುಂಚೆ ಮುಂಜಾನೆ ಹೊಲಕ್ಕೆ ಹೋಗಿ, ಅಲ್ಲೊಂದು ಇಲ್ಲೊಂದರಂತೆ ಹತ್ತು ಗಿಡ ನೋಡಿ. ಎಲೆಯ ಅಡಿ ಮಗ್ಗುಲೂ ನೋಡಿ. ಗೊತ್ತಿಲ್ಲದ ಹುಳ ಕಂಡರೆ ಫೋಟೋ ತೆಗೆದು ಹುಲಕೋಟಿ ಕೃಷಿ ವಿಜ್ಞಾನ ಕೇಂದ್ರದವರನ್ನೋ ನಿಮ್ಮ ಹೋಬಳಿಯ ಕೃಷಿ ಅಧಿಕಾರಿಯನ್ನೋ ಕೇಳಿ. ಅಂಗಡಿಗೆ ಆಮೇಲೆ ಹೋಗಿ. ಇನ್ನೊಂದು ಮಾತು, ಮಕ್ಕಳ ಹಟಕ್ಕೆ ತಂದ ಅಕ್ವೇರಿಯಂ ಮೀನು ಬ್ಯಾಸರ ಆಯಿತು ಅಂತ ಕೆರೆಗೋ ಬಾವಿಗೋ ಬಿಡಬೇಡಿ. ತೊಟ್ಟಿಯ ಗಾಜು ತಿಕ್ಕುವ ಮೀನು ಅಂತ ಮಾರುತ್ತಾರಲ್ಲ, ಅದು ಹೊರಗಿನಿಂದ ಬಂದದ್ದು. ಹಾಗೆ ಬಿಟ್ಟ ಕಡೆ ಅದು ಬೆಳೆದು ಬಲೆ ಹರಿಯುತ್ತದೆ, ಊರ ಮೀನಿಗೆ ಜಾಗ ಬಿಡುವುದಿಲ್ಲ.

ಶೀಗಿ ಹುಣ್ಣಿಮೆಗೆ ನಾವೆಲ್ಲ ಬಂಡಿ ಕಟ್ಟಿಕೊಂಡು ಹೊಲಕ್ಕೆ ಹೋಗುತ್ತೇವೆ. ಮನೆಮಂದಿ ಊಟ ಮಾಡುವ ಮುಂಚೆ ಹೊಲದ ತುಂಬ ಚರಗ ಚೆಲ್ಲುತ್ತೇವೆ. ಭೂಮಿತಾಯಿಗೆ, ಹೊಲದಲ್ಲಿರುವ ಹುಳ ಹುಪ್ಪಡಿ ಹಕ್ಕಿಗೆಲ್ಲ ಪಾಲು ಅಂತ ಹಿರಿಯರು ಹೇಳಿಕೊಟ್ಟದ್ದು. ಮರುದಿನ ಪಂಪು ಹೆಗಲಿಗೆ ಹಾಕಿ ಅವಕ್ಕೇ ವಿಷ ಹೊಡೆಯುತ್ತೇವೆ. ಯಾರಿಗೆ ಪಾಲು ಕೊಟ್ಟೆವು, ಯಾರನ್ನು ಕೊಂದೆವು ಅಂತ ಕೂಡ ಗೊತ್ತಿಲ್ಲದೆ.

ಧಾರವಾಡದಿಂದ ಬಂದ ಮರುದಿನ ಅಪ್ಪ ಮೊಮ್ಮಗಳನ್ನು ಹತ್ತಿ ಹೊಲಕ್ಕೆ ಕರೆದೊಯ್ದರು. ಎಣ್ಣಿ ಹೊಡೆದು ವಾರ ಆಗಿತ್ತು. ಇಬ್ಬರೂ ಸಾಲು ಹಿಡಿದು ಹುಡುಕಿದರು. ಹೇನು ಆಗಲೇ ಮತ್ತೆ ಹತ್ತಿಕೊಂಡಿತ್ತು. ಗುಲಗಂಜಿ ಮರಿ ಒಂದೂ ಸಿಗಲಿಲ್ಲ. ಬದುವಿನ ತೊಗರಿ ಗಿಡದಲ್ಲಿ, ಎಣ್ಣಿ ತಾಗದ ಕಡೆ, ಹುಡುಗಿ ಒಂದನ್ನು ಕಂಡಳು. ‘ಅಜ್ಜಾ, ಮೊಸಳಿ!’ ಅಂತ ಕೂಗಿದಳು.

ಅಪ್ಪ ಆ ಎಲೆ ಮೆಲ್ಲಗೆ ಹರಿದು ತಂದು ಹೇನು ಹತ್ತಿದ ಹತ್ತಿ ಗಿಡದ ಮೇಲೆ ಇಟ್ಟರು. ಒಂದು ಹುಳದಿಂದ ನಾಲ್ಕು ಎಕರೆ ಉಳಿಯುವುದಿಲ್ಲ ಅನ್ನುವುದು ಅವರಿಗೂ ಗೊತ್ತಿದೆ. ಆದರೆ ಆ ಸಲ ಅಂಗಡಿಗೆ ಹೋಗುವುದನ್ನು ಒಂದು ವಾರ ಮುಂದೆ ಹಾಕಿದರು. ಈ ವರ್ಷದ ಮೇಳಕ್ಕೆ ನೀವು ಹೋದರೆ, ಮಕ್ಕಳ ಜೊತೆ ಮನೆಯ ಹಿರಿಯರನ್ನೂ ಹುಳದ ಪೆಟ್ಟಿಗೆಯ ಮುಂದೆ ನಿಲ್ಲಿಸಿ. ಅಲ್ಲಿ ಕೇಳಬೇಕಾದ ಪ್ರಶ್ನೆ ಒಂದೇ: ಇದು ನಮ್ಮ ಹೊಲದಾಗ ಐತೇನು?