ಹಳಹಳಿಕೆಯಷ್ಟೇ ಸಾಲದು, ಅಕ್ಷರವೂ ಉಳಿಯಲಿ

ಡಯಲ್‌ಅಪ್ ಮೋಡೆಮ್ಮಿನ ಕಿರುಚಾಟ, 2000ದಲ್ಲಿ ಬಂದ ನೋಕಿಯಾ 3310ರ ಹಾವಿನಾಟ, ಯಾಹೂ ಮೆಸೆಂಜರಿನ ಹರಟೆ, ಎಂಪಿ3 ಸಿ.ಡಿ.ಗಳು- ನಲವತ್ತು ದಾಟಿದವರು ಸೇರಿದಲ್ಲೆಲ್ಲ ಈಗ ಇವುಗಳದೇ ಸ್ಮರಣೆ. ನಾನೂ ಇದಕ್ಕೆ ಹೊರತಲ್ಲ. ಬಳ್ಳಾರಿಯ ಸೈಬರ್ ಕೆಫೆಗಳಲ್ಲಿ ಗಂಟೆಯ ಲೆಕ್ಕಕ್ಕೆ ಹಣ ತೆತ್ತು, ಪರದೆಯ ಮೇಲೆ ಚಿತ್ರವೊಂದು ಗೆರೆಗೆರೆಯಾಗಿ ಮೂಡುವುದನ್ನು ಕಾದು ಕುಳಿತವರಲ್ಲಿ ನಾನೂ ಒಬ್ಬ. ಪರೀಕ್ಷೆಯ ಫಲಿತಾಂಶ ನೋಡಲು ಸಿರುಗುಪ್ಪ, ಕುರುಗೋಡಿನ ಗೆಳೆಯರು ಬಸ್ಸು ಹತ್ತಿ ಅಲ್ಲಿಗೇ ಬರುತ್ತಿದ್ದರು.

ಆದರೆ ಈ ಸ್ಮರಣೆಯೆಲ್ಲ ಸರಕುಗಳ ಸುತ್ತಲೇ ಗಿರಕಿ ಹೊಡೆಯುತ್ತಿದೆ. ಸರಕು ಮರಳಿ ಬಂದೀತು. 2017ರಲ್ಲಿ ನೋಕಿಯಾ 3310 ಹೊಸ ರೂಪದಲ್ಲಿ ಬಂದೇ ಬಂತು. ಆ ಕಾಲದಲ್ಲಿ ನಾವು ಕಂಪ್ಯೂಟರಿನಲ್ಲಿ ಬರೆದಿಟ್ಟ ಕನ್ನಡದ ಗತಿಯೇನು?

1998ರಲ್ಲಿ ಶೇಷಾದ್ರಿವಾಸು ಅವರ 'ಬರಹ' ಬಂತು. ಅದರ ಬೆನ್ನಿಗೇ ಕನ್ನಡ ಗಣಕ ಪರಿಷತ್ತಿನ 'ನುಡಿ' ಬಂತು. ಜಾತ್ರೆಯ ಕರಪತ್ರ, ಕಾಲೇಜು ವಾರ್ಷಿಕ ಸಂಚಿಕೆ, ಸ್ಮರಣ ಸಂಚಿಕೆ, ಪಿಎಚ್.ಡಿ. ಪ್ರಬಂಧಗಳೆಲ್ಲ ಡಿಟಿಪಿ ಅಂಗಡಿಗಳಲ್ಲಿ ಈ ತಂತ್ರಾಂಶಗಳಿಂದಲೇ ಸಿದ್ಧವಾದವು. ಆದರೆ ಅಂದಿನ ಕಡತಗಳಲ್ಲಿ ಇರುವುದು ಕನ್ನಡ ಅಕ್ಷರಗಳಲ್ಲ, ಇಂಗ್ಲಿಷ್ ಅಕ್ಷರಗಳ ಸಂಕೇತಗಳು. ಅವುಗಳಿಗೆ ಕನ್ನಡದ ಆಕಾರ ಕೊಡುತ್ತಿದ್ದುದು ಫಾಂಟ್ ಮಾತ್ರ. ಆ ಫಾಂಟ್ ಇಲ್ಲದ ಯಂತ್ರದಲ್ಲಿ ತೆರೆದರೆ ಕಾಣುವುದು ಅರ್ಥವಿಲ್ಲದ ಚಿಹ್ನೆಗಳ ರಾಶಿ. 1991ರಲ್ಲೇ ಯೂನಿಕೋಡ್‌ನಲ್ಲಿ ಕನ್ನಡಕ್ಕೆ ಸ್ಥಾನ ಸಿಕ್ಕಿತ್ತಾದರೂ ಅದು ನಮ್ಮ ದಿನಬಳಕೆಗೆ ಬರಲು ಬಹಳ ವರ್ಷಗಳೇ ಹಿಡಿದವು. ಇನ್ನು 1.44 ಎಂಬಿಯ ಫ್ಲಾಪಿಯ ತಯಾರಿಕೆಯನ್ನು ಸೋನಿ ಕಂಪನಿ 2011ರಲ್ಲಿ ನಿಲ್ಲಿಸಿತು. ಇಂದಿನ ಬಹುಪಾಲು ಲ್ಯಾಪ್‌ಟಾಪ್‌ಗಳಲ್ಲಿ ಸಿ.ಡಿ. ತೂರಿಸಲೂ ಜಾಗವಿಲ್ಲ.

ಸಿರುಗುಪ್ಪ ತಾಲ್ಲೂಕಿನ ನಿಟ್ಟೂರು, ಉಡೇಗೋಳದ ಬಂಡೆಗಳ ಮೇಲೆ ಅಶೋಕನ ಶಾಸನಗಳಿವೆ. ಅವನ ಹೆಸರನ್ನೇ ಹೇಳುವ ಕೆಲವೇ ಶಾಸನಗಳಲ್ಲಿ ಇವೂ ಸೇರಿವೆ. ಬ್ರಾಹ್ಮಿ ಲಿಪಿಯ ಓದು ಶತಮಾನಗಳ ಕಾಲ ಮರೆತುಹೋಗಿತ್ತು. 1837ರಲ್ಲಿ ಜೇಮ್ಸ್ ಪ್ರಿನ್ಸೆಪ್ ಅದನ್ನು ಬಿಡಿಸಿದರು. ಓದುವವರಿಲ್ಲದಿದ್ದರೂ ಕಲ್ಲು ಎರಡು ಸಾವಿರ ವರ್ಷ ಕಾದಿತ್ತು. ಕುರುಗೋಡಿನ ಸಿಂದರ ಕಾಲದ, 12ನೇ ಶತಮಾನದ ಶಾಸನಗಳನ್ನೂ ಇಂದು ಓದಬಹುದು. ಇಪ್ಪತ್ತೈದು ವರ್ಷದ ಹಿಂದಿನ ಕಡತವನ್ನು ಓದಲಾಗುತ್ತಿಲ್ಲ ಎಂಬುದು ವಿಪರ್ಯಾಸವಲ್ಲವೇ? ಪ್ಲಾಸ್ಟಿಕ್ ತಟ್ಟೆಗೆ ಕಲ್ಲಿನ ತಾಳ್ಮೆಯಿಲ್ಲ.

ಜಾತ್ರೆಯ ಕರಪತ್ರದಲ್ಲಿ ಉಳಿಸುವಂಥದ್ದೇನಿದೆ ಎಂದು ಕೇಳುವವರಿದ್ದಾರೆ. ಶಾಸನಗಳಲ್ಲಿ ಬಹುಪಾಲು ದಾನದ ಲೆಕ್ಕ, ಗದ್ದೆಯ ಎಲ್ಲೆಗಳೇ ಅಲ್ಲವೇ? ಅವುಗಳಿಂದಲೇ ಇತಿಹಾಸಕಾರರು ಊರಿನ ಬದುಕನ್ನು ಕಟ್ಟಿಕೊಟ್ಟರು. ಈ ಜಿಲ್ಲೆಯ ಮಟ್ಟಿಗಂತೂ ಅವು ಸಾಮಾನ್ಯ ವರ್ಷಗಳಲ್ಲ. 2011ರಲ್ಲಿ ಸುಪ್ರೀಂ ಕೋರ್ಟ್ ತಡೆಯೊಡ್ಡುವವರೆಗೆ ಅದಿರಿನ ಹಣ ಊರ ಚಹರೆಯನ್ನೇ ಬದಲಿಸುತ್ತಿತ್ತು. ನ್ಯಾಯಾಲಯದ ದಾಖಲೆ, ವರದಿಗಳು ಉಳಿಯುತ್ತವೆ. ಆದರೆ ಆಗ ಇಲ್ಲಿನ ವಿದ್ಯಾರ್ಥಿ ಬರೆದ ಕವಿತೆ, ರೈತ ಸಂಘದ ಮನವಿ, ನಾಟಕ ತಂಡದ ಆಹ್ವಾನಪತ್ರಿಕೆಗಳನ್ನು ನಾವಲ್ಲದೆ ಇನ್ನಾರು ಕಾಪಾಡಬೇಕು?

2009ರಲ್ಲಿ ಜಿಯೋಸಿಟೀಸ್, 2014ರಲ್ಲಿ ಆರ್ಕುಟ್ ಬಾಗಿಲು ಹಾಕಿದವು. ಅದನ್ನು ತಡೆಯುವುದು ನಮ್ಮ ಕೈಯಲ್ಲಿರಲಿಲ್ಲ. ನಮ್ಮ ಬೀರುಗಳಲ್ಲಿರುವ ಡಿಸ್ಕುಗಳು ಹಾಗಲ್ಲ. ಹಳೆಯ ಕಡತಗಳನ್ನು ಯೂನಿಕೋಡ್‌ಗೆ ಪರಿವರ್ತಿಸುವ ತಂತ್ರಾಂಶಗಳು ಉಚಿತವಾಗಿಯೇ ಸಿಗುತ್ತವೆ. ಒತ್ತಕ್ಷರ, ಅರ್ಕಾವೊತ್ತುಗಳಲ್ಲಿ ಅವು ತಪ್ಪುವುದುಂಟು. ತಿದ್ದಲು ಕನ್ನಡ ಬಲ್ಲ ಕಣ್ಣು ಬೇಕು. 2010ರಲ್ಲಿ ಸ್ಥಾಪನೆಯಾದ ಬಳ್ಳಾರಿಯ ವಿಜಯನಗರ ಶ್ರೀಕೃಷ್ಣದೇವರಾಯ ವಿಶ್ವವಿದ್ಯಾಲಯ, ಸಾಹಿತ್ಯ ಪರಿಷತ್ತಿನ ತಾಲ್ಲೂಕು ಘಟಕಗಳು ಹಾಗೂ ಗ್ರಂಥಾಲಯಗಳು ಮನಸ್ಸು ಮಾಡಿದರೆ ವಿದ್ಯಾರ್ಥಿಗಳಿಂದಲೇ ಈ ಕೆಲಸ ಸಾಧ್ಯ. ಡಿಟಿಪಿ ಅಂಗಡಿಗಳು ಒಂದೊಂದಾಗಿ ಮುಚ್ಚುತ್ತಿವೆ, ಹಳೆಯ ಕಂಪ್ಯೂಟರುಗಳು ಗುಜರಿ ಸೇರುತ್ತಿವೆ. ಅವು ತೂಕದ ಲೆಕ್ಕಕ್ಕೆ ಹೋಗುವ ಮೊದಲು ಅವುಗಳೊಳಗಿನ ಅಕ್ಷರಗಳನ್ನು ಇಳಿಸಿಕೊಳ್ಳೋಣ.