ಸಿಂಕಿನ ಕಥೆ ಗೊತ್ತು, ಷೇರಿನ ಕಥೆ?

ನಮ್ಮ ಪತ್ರಿಕೆಗಳಲ್ಲಿ ‘ಸಾಧಕರ’ ಪರಿಚಯಕ್ಕೆ ಒಂದು ಅಚ್ಚು ಇದೆ. ಮೊದಲು ಕಷ್ಟ, ಆಮೇಲೆ ಛಲ, ಆಮೇಲೆ ವ್ಯಾಪಾರ, ಕೊನೆಗೆ ಜನಸೇವೆ. ಮದ್ಯದ ವ್ಯಾಪಾರಿ ರಾಜಕಾರಣಿಯಾದರೆ ಈ ಅಚ್ಚು ಇನ್ನೂ ಚೆನ್ನಾಗಿ ಕೆಲಸ ಮಾಡುತ್ತದೆ. ‘ವ್ಯಾಪಾರ’ ಅನ್ನುವ ಒಂದೇ ಪದದಲ್ಲಿ ಎಲ್ಲ ಮುಗಿಸಿ ನೇರ ಜನಸೇವೆಗೆ ಜಿಗಿಯಬಹುದು. ಇದು ನಮ್ಮಲ್ಲಿ ಮಾತ್ರ ನಡೆಯುವುದಲ್ಲ. ಜಗತ್ತಿಗೇ ಗೊತ್ತಿರುವ ಒಂದು ಉದಾಹರಣೆ ಅಮೆರಿಕದಲ್ಲಿದೆ: ಕ್ಯಾಲಿಫೋರ್ನಿಯಾದ ಗವರ್ನರ್ ಆದ ಗ್ಯಾವಿನ್ ನ್ಯೂಸಮ್.

ಅವರ ಬಗ್ಗೆ ಎಲ್ಲರೂ ಹೇಳುವ ಕಥೆ ಹೀಗಿದೆ. 1992ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ‘ಪ್ಲಂಪ್‌ಜ್ಯಾಕ್’ ಎಂಬ ವೈನ್ ಅಂಗಡಿ ತೆರೆದರು. ವೈನ್ ಕೂಡ ಆಹಾರವೇ, ನೆಲ ಒರೆಸಲು ಸಿಂಕ್ ಇರಲೇಬೇಕು ಎಂದಿತು ಆರೋಗ್ಯ ಇಲಾಖೆ. ಅಂಗಡಿಯ ನೆಲಕ್ಕೆ ಹಾಸಿದ್ದು ಕಾರ್ಪೆಟ್! ಸಿಂಕಿನ ಖರ್ಚು 27,000 ಡಾಲರ್. ಇಂಥ ಅಧಿಕಾರಶಾಹಿಯನ್ನು ಸರಿಪಡಿಸುತ್ತೇನೆ ಎಂದು ತರುಣ ವ್ಯಾಪಾರಿ ರಾಜಕೀಯಕ್ಕೆ ಬಂದ. ಸಿಂಕ್ ನಿಜ, ಸಿಟ್ಟೂ ನಿಜ ಇರಬಹುದು. ಆದರೆ ಈ ಕಥೆ ಬಿಟ್ಟುಬಿಟ್ಟಿರುವುದನ್ನು ನೋಡಿ.

ಅಂಗಡಿಗೆ ದುಡ್ಡು ಹಾಕಿದ್ದು ತೈಲ ಕುಬೇರ ಪಾಲ್ ಗೆಟ್ಟಿಯ ಮಗ ಗಾರ್ಡನ್ ಗೆಟ್ಟಿ. ನ್ಯೂಸಮ್ ತಂದೆ ನ್ಯಾಯಾಧೀಶರು, ಗೆಟ್ಟಿ ಕುಟುಂಬಕ್ಕೆ ಬಲು ಆಪ್ತರು. ಹುಡುಗನನ್ನು ಮಗನಂತೆ ಕಂಡೆ, ಅದಕ್ಕೇ ಬಂಡವಾಳ ಹಾಕಿದೆ ಎಂದು ಗೆಟ್ಟಿಯೇ ಹೇಳಿಕೊಂಡಿದ್ದಾರೆ. ಅಂಗಡಿಯ ಹೆಸರು ಕೂಡ ಗೆಟ್ಟಿ ರಚಿಸಿದ ಒಪೆರಾದ್ದು. 1995ರಲ್ಲಿ ನಾಪಾ ಕಣಿವೆಯ ಓಕ್‌ವಿಲ್‌ನಲ್ಲಿ ವೈನರಿಯೂ ಬಂತು. ಮೊದಲ ಸಾರ್ವಜನಿಕ ಹುದ್ದೆ ಮತದಿಂದ ಸಿಕ್ಕಿದ್ದಲ್ಲ. 1996ರಲ್ಲಿ ಮೇಯರ್ ವಿಲ್ಲೀ ಬ್ರೌನ್ ಇವರನ್ನು ಪಾರ್ಕಿಂಗ್ ಮತ್ತು ಸಂಚಾರ ಆಯೋಗಕ್ಕೆ ನೇಮಿಸಿದರು. 1997ರಲ್ಲಿ ನಗರದ ಮೇಲ್ವಿಚಾರಕರ ಮಂಡಳಿಯಲ್ಲಿ ಖಾಲಿಯಾದ ಸ್ಥಾನಕ್ಕೂ ಅವರೇ ಕೂರಿಸಿದರು. ಛಲದಂಕಮಲ್ಲನ ಕಥೆಯಲ್ಲಿ ಈ ಎರಡು ಕೈಗಳು ಕಾಣುವುದೇ ಇಲ್ಲ: ಒಂದು ದುಡ್ಡಿನ ಕೈ, ಇನ್ನೊಂದು ನೇಮಕದ ಕೈ.

ನನಗೆ ನಿಜಕ್ಕೂ ಸಿಟ್ಟು ತರಿಸುವುದು 2002ರ ಸಂಗತಿ. ‘ನಗದು ಬೇಡ, ಆರೈಕೆ ಕೊಡಿ’ ಎಂಬ ಅರ್ಥದ ಪ್ರಸ್ತಾವವನ್ನು ನ್ಯೂಸಮ್ ನಗರದ ಮತದಾರರ ಮುಂದಿಟ್ಟು ಗೆದ್ದರು. ಮನೆಯಿಲ್ಲದವರಿಗೆ ತಿಂಗಳಿಗೆ 395 ಡಾಲರ್‌ವರೆಗೆ ಸಿಗುತ್ತಿದ್ದ ನಗದು 60 ಡಾಲರ್‌ಗೂ ಕೆಳಗಿಳಿಯಿತು. ಉಳಿದ ಹಣದಲ್ಲಿ ವಸತಿ, ಸೇವೆ ಎಂದರು. ಅದರ ಪರವಾಗಿ ಜೋರಾಗಿ ಕೇಳಿಬಂದ ವಾದ ಏನು ಗೊತ್ತೇ? ಕೈಗೆ ದುಡ್ಡು ಕೊಟ್ಟರೆ ಡ್ರಗ್ಸ್‌ಗೆ, ಕುಡಿತಕ್ಕೆ ಸುರಿಯುತ್ತಾರೆ ಎಂಬುದು. ವೈನ್ ಮಾರಿ ಮೇಲೆ ಬಂದವರ ಪ್ರಚಾರದಲ್ಲಿ ಈ ಮಾತು! ಉಳ್ಳವನು ಕುಡಿದರೆ ಅಭಿರುಚಿ, ಇಲ್ಲದವನು ಕುಡಿದರೆ ಚಟ. ಆ ಅಭಿರುಚಿಗೆ ಬೆಲೆ ಕಟ್ಟಿ ಲಾಭ ಮಾಡಿದವರೇ ಇಲ್ಲದವನ ಕೈಗೆ ಎಷ್ಟು ಕಾಸು ಹೋಗಬೇಕೆಂದು ಹೇಳುತ್ತಾರೆ.

ನ್ಯಾಯವಾಗಿ ಇನ್ನೊಂದು ಮುಖವನ್ನೂ ಹೇಳಬೇಕು. 2004ರಲ್ಲಿ ಮೇಯರ್ ಆದ ತಿಂಗಳೊಪ್ಪತ್ತಿನಲ್ಲೇ ಅವರು ಸಲಿಂಗ ಜೋಡಿಗಳಿಗೆ ಮದುವೆ ಪರವಾನಗಿ ಕೊಡಿಸಿದರು. ಸ್ವಂತ ಪಕ್ಷದವರೇ ಹಿಂಜರಿಯುತ್ತಿದ್ದ ಕಾಲವದು. ಮೇಯರ್ ಆದಾಗ ನಗರದೊಳಗಿನ ವ್ಯಾಪಾರಗಳ ಪಾಲನ್ನೂ ಮಾರಿದರು. ಆದರೆ ನಾಪಾದ ವೈನರಿಯ ಪಾಲು ಉಳಿಸಿಕೊಂಡರು. 2019ರಲ್ಲಿ ಗವರ್ನರ್ ಆದಾಗ ಆಸ್ತಿಯನ್ನು ಬೇರೆಯವರು ನೋಡಿಕೊಳ್ಳುವ ಟ್ರಸ್ಟಿಗೆ ವಹಿಸಿದರು. ಅಷ್ಟಾದರೂ ಅನುಮಾನ ಬಿಡಲಿಲ್ಲ. 2020ರ ಜುಲೈ ಮೊದಲ ವಾರ ಕೋವಿಡ್ ಕಾರಣಕ್ಕೆ 19 ಕೌಂಟಿಗಳಲ್ಲಿ ವೈನರಿಗಳ ಒಳಾಂಗಣ ಮುಚ್ಚಿಸಿದಾಗ ನಾಪಾ ಆ ಪಟ್ಟಿಯಲ್ಲಿರಲಿಲ್ಲ. ಪಟ್ಟಿ ಸೋಂಕಿನ ಲೆಕ್ಕದ್ದು, ಕೆಲವೇ ದಿನಗಳಲ್ಲಿ ನಿಯಮ ರಾಜ್ಯಕ್ಕೆಲ್ಲ ಬಂತು. ಮೋಸ ನಡೆಯಿತು ಎಂದು ನಾನು ಹೇಳುತ್ತಿಲ್ಲ. ಅಂಗಡಿ ಮತ್ತು ಕುರ್ಚಿ ಎರಡೂ ಒಬ್ಬರದೇ ಆದಾಗ ಸರಿಯಾದ ಆದೇಶವನ್ನೂ ಜನ ಸಂಶಯದಿಂದ ನೋಡುತ್ತಾರೆ, ಅದೇ ತೊಂದರೆ.

ಆದರೂ ಅಲ್ಲಿ ಒಂದು ಅನುಕೂಲವಿದೆ. ಯಾವ ಪಾಲು ಮಾರಿದರು, ಯಾವುದು ಉಳಿಯಿತು ಎಂದು ಇಷ್ಟು ದೂರದ ನಾನು ಬರೆಯಲು ಸಾಧ್ಯವಾಗಿದ್ದು ಅಲ್ಲಿನ ವರದಿಗಾರರು ಕೆದಕಿ ಕೇಳಿದ್ದರಿಂದ. ನಾವು ಕೇಳಿದ್ದೇವೆಯೇ? ಮದ್ಯದ ಸಾಮ್ರಾಜ್ಯದ ಒಡೆಯ ವಿಜಯ್ ಮಲ್ಯರನ್ನು 2002 ಮತ್ತು 2010ರಲ್ಲಿ ರಾಜ್ಯಸಭೆಗೆ ಕಳಿಸಿದ್ದು ನಮ್ಮ ವಿಧಾನಸಭೆಯ ಶಾಸಕರೇ. ಕಿಂಗ್‌ಫಿಷರ್ ವಿಮಾನ ಹಾರುವಷ್ಟು ದಿನ ಕ್ಯಾಲೆಂಡರ್ ಮತ್ತು ಪಾರ್ಟಿಗಳ ಫೋಟೊ ಹಾಕಿದೆವು. 2012ರಲ್ಲಿ ಅದು ನೆಲಕ್ಕಿಳಿದು ನೌಕರರ ಸಂಬಳ ನಿಂತಾಗ ಮಾತ್ರ ಲೆಕ್ಕ ಕೇಳಲು ಶುರುಮಾಡಿದೆವು.

ಇನ್ನು ನಮ್ಮ ತಾಲ್ಲೂಕುಗಳ ಮಾತು. ‘ವೈನ್ಸ್’ ಬೋರ್ಡಿನ ಮಾಲೀಕ ಸದಸ್ಯನಾಗುತ್ತಾನೆ, ಅಧ್ಯಕ್ಷನಾಗುತ್ತಾನೆ. ಹುಟ್ಟುಹಬ್ಬಕ್ಕೆ ಪುಟಗಟ್ಟಲೆ ಜಾಹೀರಾತು. ಆ ಜಾಹೀರಾತು ತರುವವನೂ ಸುದ್ದಿ ಬರೆಯುವವನೂ ಒಬ್ಬನೇ, ನನ್ನಂಥ ಸ್ಟ್ರಿಂಗರ್. ಕಮಿಷನ್ ತಿಂದ ಬಾಯಲ್ಲಿ ಪ್ರಶ್ನೆ ಹೊರಡುವುದಿಲ್ಲ ಎಂಬುದು ನಮಗೆಲ್ಲ ಗೊತ್ತು. ನರೇಗಾ ಕೂಲಿ, ಗೃಹಲಕ್ಷ್ಮಿ ಹಣ ಕುಡಿತಕ್ಕೆ ಹೋಗುತ್ತದೆ ಎಂದು ಇದೇ ನಾಯಕರು ವೇದಿಕೆಯಲ್ಲಿ ಹೇಳಿದರೆ ಅದನ್ನೇ ತಲೆಬರಹ ಮಾಡುತ್ತೇವೆ. ಆ ಕಾಸು ಯಾರ ಗಲ್ಲಾಕ್ಕೆ ಬಂತು ಎಂದು ಕೇಳುವುದಿಲ್ಲ. ಅಬಕಾರಿಯಿಂದ ವರ್ಷಕ್ಕೆ 30 ಸಾವಿರ ಕೋಟಿ ರೂಪಾಯಿಗೂ ಹೆಚ್ಚು ಎತ್ತುವ ಸರ್ಕಾರವನ್ನೂ ಕೇಳುವುದಿಲ್ಲ.

ಮದ್ಯ ಮಾರಿದವರು ಚುನಾವಣೆಗೆ ನಿಲ್ಲಬಾರದು ಅನ್ನುವುದು ನನ್ನ ವಾದವಲ್ಲ. ಪರವಾನಗಿ ಕೊಟ್ಟು ಮಾರಿಸುವುದೇ ಸರ್ಕಾರ. ನನ್ನ ತಕರಾರು ನಮ್ಮ ಬರವಣಿಗೆಯ ಮೇಲೆ. ಮುಂದಿನ ಸಲ ಇಂಥವರ ಪರಿಚಯ ಬರೆಯುವಾಗ ನಾಲ್ಕು ಸಾಲು ಸೇರಿಸಿ. ಸಿಎಲ್-2, ಸಿಎಲ್-9 ಪರವಾನಗಿ ಯಾರ ಹೆಸರಲ್ಲಿದೆ? ಗೆದ್ದ ಮೇಲೆ ಬಿಟ್ಟರೇ, ಹೆಂಡತಿ ಮಕ್ಕಳ ಹೆಸರಿಗೆ ದಾಟಿಸಿದರೇ? ಮೊದಲ ಬಂಡವಾಳ ಯಾರದು? ಅಂಗಡಿ ತೆಗೆಸಿ ಎಂದು ಹೆಂಗಸರು ಅರ್ಜಿ ಹಿಡಿದು ಬಂದಾಗ ಸಭೆಯಲ್ಲಿ ಇವರು ಯಾವ ಕಡೆ ಕೈ ಎತ್ತಿದರು? ಅಫಿಡವಿಟ್ ಚುನಾವಣಾಧಿಕಾರಿಯ ಕಚೇರಿಯಲ್ಲಿ ಸಿಗುತ್ತದೆ, ಅರ್ಜಿಯ ಪ್ರತಿ ಆ ಹೆಂಗಸರ ಹತ್ತಿರವೇ ಇರುತ್ತದೆ. ತರಲು ಬಸ್ ಚಾರ್ಜು ಸಾಕು.