ಪೋಲೀಸರ ಕ್ಯಾಮರಾ ಕಂಡ ಬೀದಿ

ನೆರೆಹೊರೆಯ ಜಗಳವಿಲ್ಲದ ಊರುಂಟೆ? ಮಕ್ಕಳ ಗದ್ದಲ, ಬೇಲಿ ದಾಟಿ ಬಿದ್ದ ಚೆಂಡು, ಅದರ ಹಿಂದೆಯೇ ನಾಲ್ಕು ಬಿರುನುಡಿ—ಇವೆಲ್ಲ ಮರುದಿನ ಮರೆತುಹೋಗುವ ಸಂಗತಿಗಳು. ಅಂತಹ ಕಲಹವೊಂದು ಪ್ರಾಣಹತ್ಯೆಯಲ್ಲಿ ಮುಗಿದುದನ್ನು ತೋರಿಸುವ ಚಲಚ್ಚಿತ್ರವೊಂದನ್ನು ಕುರಿತು ಈ ತಿಂಗಳು ವಾಚಕರಲ್ಲಿ ಅರಿಕೆಮಾಡಬೇಕೆನಿಸಿತು.

ಅಮೆರಿಕದ ನಿರ್ದೇಶಕಿ ಗೀತಾ ಗಂಡ್‌ಭೀರ್ ಅವರು ತಯಾರಿಸಿದ, 2025ರಲ್ಲಿ ತೆರೆಕಂಡ ಈ ಚಿತ್ರದ ಹೆಸರು ‘ದಿ ಪರ್ಫೆಕ್ಟ್ ನೇಬರ್’, ಅಂದರೆ ‘ಆದರ್ಶ ನೆರೆಯವಳು’. ಫ್ಲಾರಿಡಾ ಸಂಸ್ಥಾನದ ಒಕಾಲಾದಲ್ಲಿ ಬಿಳಿಯ ಹೆಂಗಸೊಬ್ಬಳು, ಮಕ್ಕಳು ತನ್ನ ಮನೆಯ ಬಳಿ ಆಡುವರೆಂದು ಪೋಲೀಸರನ್ನು ಪದೇಪದೇ ಕರೆಸುತ್ತಿದ್ದಳು. 2023ನೆಯ ಇಸವಿ ಜೂನ್ 2ರಂದು, ಅದನ್ನು ವಿಚಾರಿಸಲು ಬಂದು ಬಾಗಿಲು ಬಡಿದ ಆಫ್ರಿಕನ್ ಮೂಲದ ತಾಯಿಯೊಬ್ಬಳನ್ನು, ಮುಚ್ಚಿದ ಬಾಗಿಲ ಒಳಗಿನಿಂದಲೇ ಗುಂಡಿಟ್ಟು ಕೊಂದಳು. ನಾಲ್ಕು ಮಕ್ಕಳು ತಬ್ಬಲಿಗಳಾದರು. ತನ್ನನ್ನು ತಾನು ಆದರ್ಶ ನೆರೆಯವಳೆಂದು ಪೋಲೀಸರಿಗೆ ಹೇಳಿಕೊಂಡವಳೂ ಅವಳೇ!

ಈ ಚಿತ್ರದಲ್ಲಿ ನಟರಿಲ್ಲ; ನಡೆದುದನ್ನು ಮತ್ತೆ ಆಡಿ ತೋರಿಸುವ ಅಭಿನಯವಿಲ್ಲ. ಬಹುಪಾಲು ದೃಶ್ಯಗಳು ಪೋಲೀಸರು ಎದೆಯಮೇಲೆ ಧರಿಸುವ ಕ್ಯಾಮರಾಗಳಲ್ಲಿ ತಾವಾಗಿಯೇ ಮೂಡಿದವು. ಅವುಗಳೊಡನೆ ತುರ್ತು ಟೆಲಿಫೋನಿನ ಮಾತುಗಳೂ ವಿಚಾರಣೆಯ ಚಿತ್ರಗಳೂ ಸೇರಿವೆ. ಮೃತಳ ಮನೆಯವರ ಪರವಾಗಿ ವಕೀಲರು ಪಡೆದ ಈ ಸಾಮಗ್ರಿ ಸುಮಾರು 30 ಗಂಟೆಗಳಷ್ಟು; ಅದರಲ್ಲಿ ಹಿಂದುಮುಂದೆಂಬ ಕ್ರಮವೂ ಇರಲಿಲ್ಲ. ಮೊದಲು ಅದನ್ನೆಲ್ಲ ಕಾಲಕ್ರಮಕ್ಕೆ ತರಬೇಕು. ಇಬ್ಬರು ಮೂವರು ಪೋಲೀಸರು ಒಟ್ಟಿಗೆ ಬಂದಾಗ ಒಂದೇ ಗಳಿಗೆ ಬೇರೆಬೇರೆ ಕಡೆಯಿಂದ ಚಿತ್ರಿತವಾಗಿರುವುದು. ಒಬ್ಬನ ಕ್ಯಾಮರಾ ಕಾಣದುದನ್ನು ಇನ್ನೊಬ್ಬನದು ಕಂಡಿರುವುದು. ಅವನ್ನು ಹೊಂದಿಸಿ ಒಂದೂವರೆ ಗಂಟೆಯ ಕಥೆಯನ್ನಾಗಿ ನೇಯುವುದೇ ಇಲ್ಲಿಯ ಶ್ರಮ.

ಹಾಗೆ ಪೋಣಿಸಿದಾಗಲೇ ಸತ್ಯ ಹೊರಬೀಳುವುದು. ಒಂದೊಂದು ಭೇಟಿಯೂ ಕ್ಷುಲ್ಲಕ. ಪೋಲೀಸರು ಬರುವರು, ಎರಡು ಮಾತು ಕೇಳುವರು, ಮಕ್ಕಳೊಡನೆ ನಕ್ಕು ಹೊರಟುಹೋಗುವರು. ಎಲ್ಲವನ್ನೂ ಸಾಲಾಗಿ ಕಂಡಾಗ ಮಾತ್ರ ದ್ವೇಷವು ಬೆಳೆದ ಬಗೆ ಕಣ್ಣಿಗೆ ಕಟ್ಟುವುದು.

ಆದರೆ ಒಂದು ದೃಶ್ಯವನ್ನು ನೋಡುವುದು ಕಷ್ಟ. ಆ ರಾತ್ರಿ ತಂದೆಯು ಮಕ್ಕಳಿಗೆ ತಾಯಿ ಇನ್ನಿಲ್ಲವೆಂದು ಹೇಳುತ್ತಾನೆ. ಪೋಲೀಸನ ಕ್ಯಾಮರಾ ಅದನ್ನೂ ಹಿಡಿದಿದೆ. ಇದನ್ನು ನಾವು ನೋಡಬಹುದೆ? ಕಟ್ಟುಕಥೆಯವನು ದುಃಖವನ್ನು ಕಲ್ಪಿಸಬೇಕು. ಇಲ್ಲಿಯಾದರೋ ದುಃಖವು ಸಿದ್ಧವಾಗಿಯೇ ದೊರೆಯುವುದು. ಆದಕಾರಣ ಪ್ರಲೋಭನವೂ ಹೆಚ್ಚು, ಹೊಣೆಯೂ ಹೆಚ್ಚು. ನಿರ್ದೇಶಕಿಯು ಮೃತಳ ತಾಯಿಯ ಸಮ್ಮತಿಯನ್ನು ಪಡೆದೇ ಮುಂದುವರಿದರು. 1955ರಲ್ಲಿ ಎಮ್ಮೆಟ್ ಟಿಲ್ ಎಂಬ ಬಾಲಕನ ಕೊಲೆಯಾದಾಗ, ಅವನ ತಾಯಿ ಷಿಕಾಗೋ ನಗರದಲ್ಲಿ ಶವಪೆಟ್ಟಿಗೆಯನ್ನು ತೆರೆದಿಡಿಸಿ, ತನ್ನ ಮಗನಿಗಾದುದನ್ನು ಜನರೆಲ್ಲ ನೋಡಲೆಂದಳಷ್ಟೆ. ಮನೆಯವರೇ ಹೀಗೆ ಬಯಸಿದಲ್ಲಿ ನೋಟವು ಸಾಕ್ಷಿಯಾಗುವುದು. ಅವರನ್ನು ಕೇಳದೆ ತೋರಿಸಿದಲ್ಲಿ ಅದು ಬರಿಯ ಕುತೂಹಲದ ತೃಪ್ತಿ. ಇಂತಹ ಚಿತ್ರಗಳನ್ನು ಮನೆಯಲ್ಲಿ ಕುಳಿತು ನೋಡುವ ನಾವೂ ಈ ಭೇದವನ್ನು ಅರಿತಿರಬೇಕು.

ಪ್ರಾಣಭಯದಿಂದ ಗುಂಡಿಟ್ಟೆನೆಂಬ ಆಕೆಯ ವಾದವು ನಿಲ್ಲಲಿಲ್ಲ. 2024ರಲ್ಲಿ ನರಹತ್ಯೆಯ ಅಪರಾಧಕ್ಕಾಗಿ 25 ವರ್ಷಗಳ ಸೆರೆವಾಸವಾಯಿತು. ಆದರೆ ಚಿತ್ರವು ಮುಗಿದಮೇಲೂ ಮನಸ್ಸಿನಲ್ಲಿ ಉಳಿಯುವುದು ಅವಳಲ್ಲ. ಮೊದಲ ದೃಶ್ಯಗಳಲ್ಲಿ ಹುಲ್ಲಿನಮೇಲೆ ಆಡುತ್ತ, ಪೋಲೀಸರಿಗೆ ಧೈರ್ಯವಾಗಿ ಉತ್ತರ ಕೊಡುವ ಆ ಮಕ್ಕಳು.